ಓದುಗರ ಪ್ರಶ್ನೆ: ಎಲ್ಲ ಬಗೆಯ ಚಿತ್ರಕಥೆ ಬರೆಯುವವರಿಗೆ ಸ್ವಂತ ದನಿ ಇರುತ್ತದೆಯೇ?

ಪ್ರಶ್ನೆ: ನಾನು ಉಡುಪಿಯ ಹವ್ಯಾಸಿ ರಂಗತಂಡವೊಂದಕ್ಕೆ ನಾಟಕ ಬರೆಯುವವನು, ಈಗ ಗೆಳೆಯರ ಒತ್ತಾಯದಿಂದ ಕಿರುಚಿತ್ರವೊಂದರ ಚಿತ್ರಕಥೆಗೆ ಕೈಹಾಕಿದ್ದೇನೆ. 2023ರ ‘ಫೆರಾರಿ’ ಚಿತ್ರವನ್ನು ಬರೆದ ಬ್ರಿಟನ್ನಿನ ಟ್ರಾಯ್ ಕೆನಡಿ ಮಾರ್ಟಿನ್ ಪೊಲೀಸ್ ಧಾರಾವಾಹಿ, ಹಾಸ್ಯಚಿತ್ರ, ಯುದ್ಧಚಿತ್ರ ಎಲ್ಲವನ್ನೂ ಬರೆದವರೆಂದು ತಿಳಿಯಿತು. ಹೀಗೆ ಎಲ್ಲದಕ್ಕೂ ಬರೆಯುವವರಿಗೆ ತಮ್ಮದೇ ದನಿ ಉಳಿಯುತ್ತದೆಯೇ? ಅವರ ಕೃತಿಗಳಲ್ಲಿ ಮೊದಲು ಯಾವುದನ್ನು ನೋಡಲಿ?
– ಓದುಗರೊಬ್ಬರು, ಉಡುಪಿ

ಉತ್ತರ: ಖಂಡಿತ ಉಳಿಯುತ್ತದೆ, ಅದಕ್ಕೆ ಕೆನಡಿ ಮಾರ್ಟಿನ್ ಅವರೇ ಸಾಕ್ಷಿ. ಸ್ಕಾಟ್ಲೆಂಡಿನ ಬ್ಯೂಟ್ ದ್ವೀಪದಲ್ಲಿ 1932ರಲ್ಲಿ ಹುಟ್ಟಿದ ಅವರು ಹೆಸರು ಮಾಡಿದ್ದು 1962ರ ಜನವರಿಯಲ್ಲಿ ಬಿಬಿಸಿಯಲ್ಲಿ ಆರಂಭವಾದ ‘ಝಡ್ ಕಾರ್ಸ್’ ಧಾರಾವಾಹಿಯಿಂದ. ಅದುವರೆಗೆ ಅಲ್ಲಿನ ಕಿರುತೆರೆಯ ಪೊಲೀಸನೆಂದರೆ ಬೀದಿಯವರೆಲ್ಲರ ಹಿತೈಷಿಯಾದ ಸಜ್ಜನ. ಇವರಾದರೋ ಗಸ್ತು ಕಾರಿನಲ್ಲಿ ಅಲೆಯುವ, ಸಿಡುಕುವ, ಮನೆಯಲ್ಲಿ ಹೆಂಡತಿಯ ಮೇಲೆ ಕೈಮಾಡುವವರೂ ಇರುವ ಪೊಲೀಸರನ್ನು ತೋರಿಸಿದರು. ಧಾರಾವಾಹಿ 1978ರವರೆಗೆ ನಡೆಯಿತು. ಅದನ್ನು ಹುಟ್ಟುಹಾಕಿದವರು ಮಾತ್ರ ಬೇಗನೆ ಅದರಿಂದ ಹೊರಬಂದರು.

ನಿಮ್ಮ ಪ್ರಶ್ನೆಗೆ ನಿಜವಾದ ಉತ್ತರವಿರುವುದು 1964ರಲ್ಲಿ ‘ಎನ್‌ಕೋರ್’ ಎಂಬ ರಂಗಭೂಮಿ ಪತ್ರಿಕೆಗೆ ಅವರು ಬರೆದ ಲೇಖನದಲ್ಲಿ. ಟಿ.ವಿ. ನಾಟಕವು ರಂಗಭೂಮಿಯಿಂದ ಬಳುವಳಿಯಾಗಿ ಪಡೆದ ಸಹಜತಾವಾದಕ್ಕೆ ಜೋತುಬಿದ್ದು, ಮಾತನಾಡುವ ಮುಖಗಳನ್ನಷ್ಟೇ ತೋರಿಸುತ್ತ ಕಥೆಯನ್ನೆಲ್ಲ ಸಂಭಾಷಣೆಯ ಮೇಲೆಯೇ ಹೊರಿಸುತ್ತಿದೆ, ಕ್ಯಾಮೆರಾ ಮತ್ತು ಸಂಕಲನದ ಶಕ್ತಿಯಿಂದ ಅದು ಗಡಿಯಾರದ ಕಾಲವನ್ನು ಮುರಿದು ನಿರೂಪಣೆಯನ್ನು ಬಿಡುಗಡೆ ಮಾಡಬೇಕು ಎಂಬುದು ಅವರ ವಾದ. ತಾಳಮದ್ದಳೆಯಲ್ಲಿ ಮಾತೇ ಸರ್ವಸ್ವ, ಅದರ ಸೊಗಸೇ ಅದು. ಆದರೆ ವೇಷ ಕಟ್ಟಿ ಆಟಕ್ಕೆ ಬಂದವರು ಕುಣಿಯದೆ ಬರೀ ಅರ್ಥ ಹೇಳುತ್ತ ನಿಂತರೆ ಹೇಗಿದ್ದೀತು? ಅವರ ಅಸಮಾಧಾನ ಆ ಬಗೆಯದು. ನಾಟಕಕಾರರಾದ ನೀವು ಇದನ್ನು ಮುಖ್ಯವಾಗಿ ಗಮನಿಸಬೇಕೆಂದು ನನಗನ್ನಿಸುತ್ತದೆ.

ಆಮೇಲೆ ಬಂದ ಸಿನಿಮಾಗಳನ್ನು ಈ ಬೆಳಕಿನಲ್ಲಿ ನೋಡಿ. ‘ದಿ ಇಟಾಲಿಯನ್ ಜಾಬ್’ (1969) ಟ್ಯೂರಿನ್ ನಗರದ ಸಂಚಾರವನ್ನೇ ಸ್ತಬ್ಧಗೊಳಿಸಿ ಚಿನ್ನ ದೋಚುವ ಹಾಸ್ಯಕಥೆ. ಅಲ್ಲಿ ಮಿನಿ ಕಾರುಗಳ ಓಟವೇ ಕಥೆ ಹೇಳುತ್ತದೆ. ಮರುವರ್ಷದ ‘ಕೆಲ್ಲೀಸ್ ಹೀರೋಸ್’ನಲ್ಲಿಯೂ ಚಿನ್ನದ ಬೇಟೆಯೇ, ಆದರೆ ಎರಡನೇ ಮಹಾಯುದ್ಧದ ನಡುವೆ. 1983ರಲ್ಲಿ ಕಿರುತೆರೆಗಾಗಿ ಗೂಢಚಾರ ಸಿಡ್ನಿ ರೈಲಿಯ ಬದುಕನ್ನು ಹನ್ನೆರಡು ಕಂತುಗಳಲ್ಲಿ ಬರೆದರು. ನೀವು ಹೆಸರಿಸಿದ ‘ಫೆರಾರಿ’ಯನ್ನು ಮೈಕೇಲ್ ಮನ್ ನಿರ್ದೇಶಿಸಿ ತೆರೆಗೆ ತರುವ ಹೊತ್ತಿಗೆ, 2009ರಲ್ಲಿ ತೀರಿಕೊಂಡ ಈ ಲೇಖಕರು ಇಲ್ಲವಾಗಿ ಹದಿನಾಲ್ಕು ವರ್ಷಗಳು ಕಳೆದಿದ್ದವು. ಬರಹ ಅಷ್ಟು ಕಾಲ ಕಾದು ಉಳಿದದ್ದು ನನಗೆ ಬಹಳ ಸಂತೋಷ ಕೊಟ್ಟ ಸಂಗತಿ.

ಮೊದಲು ನೋಡಬೇಕಾದದ್ದು ‘ಎಡ್ಜ್ ಆಫ್ ಡಾರ್ಕ್‌ನೆಸ್’, ಅನುಮಾನವೇ ಬೇಡ. 1985ರಲ್ಲಿ ಬಿಬಿಸಿ ಪ್ರಸಾರ ಮಾಡಿದ ಈ ಆರು ಕಂತುಗಳ ನಿರ್ದೇಶಕರು ಮಾರ್ಟಿನ್ ಕ್ಯಾಂಪ್‌ಬೆಲ್. ಯಾರ್ಕ್‌ಶೈರ್‌ನ ಪತ್ತೇದಾರ ಕ್ರೇವನ್‌ನ ಕಣ್ಣೆದುರೇ ಮಗಳು ಗುಂಡಿಗೆ ಬಲಿಯಾಗುತ್ತಾಳೆ. ಅವನ ಹುಡುಕಾಟ ಅಣುತ್ಯಾಜ್ಯದ ರಹಸ್ಯ ಸಂಗ್ರಹದವರೆಗೆ ಹೋಗುತ್ತದೆ. ಕೊಲೆಯ ತನಿಖೆಯಾಗಿ ಶುರುವಾದದ್ದು ರಾಜಕೀಯ ಕಥೆಯಾಗಿ, ಕೊನೆಗೆ ಮನುಷ್ಯನಿಲ್ಲದಿದ್ದರೂ ಉಳಿಯಬಲ್ಲ ಭೂಮಿಯ ಕುರಿತ ಚಿಂತನೆಯಾಗಿ ಬೆಳೆಯುವ ಪರಿ ಅಪೂರ್ವವಾದದ್ದು. ಅವರು ಬರೆದ ಎಲ್ಲ ಪ್ರಕಾರಗಳೂ ಇದರಲ್ಲಿ ಒಂದಾಗಿವೆ.

ಕಿರುಚಿತ್ರದ ದೃಷ್ಟಿಯಿಂದ ಮೊದಲ ಕಂತನ್ನು ಎರಡು ಬಾರಿ ನೋಡಿ. ಸತ್ತ ಮಗಳ ಕೋಣೆಯಲ್ಲಿ ಕ್ರೇವನ್ ಒಬ್ಬನೇ ಅವಳ ವಸ್ತುಗಳನ್ನು ಮುಟ್ಟಿ ನೋಡುತ್ತಾನೆ, ಅವುಗಳ ನಡುವೆ ಪಿಸ್ತೂಲೂ ವಿಕಿರಣ ಅಳೆಯುವ ಗೀಗರ್ ಕೌಂಟರೂ ಸಿಗುತ್ತವೆ. ತಂದೆಯ ದುಃಖ, ಮಗಳ ಗುಟ್ಟು, ಮುಂದಿನ ಐದು ಕಂತುಗಳ ಬೀಜ, ಇವೆಲ್ಲವನ್ನೂ ಆ ವಸ್ತುಗಳೇ ತಿಳಿಸುತ್ತವೆ. ಆ ದೃಶ್ಯವನ್ನು ನಿಮ್ಮದೇ ಮಾತಿನಲ್ಲಿ ಚಿತ್ರಕಥೆಯಾಗಿ ಬರೆದು ನೋಡಿ, ಅನಂತರ ನಿಮ್ಮ ಕಿರುಚಿತ್ರದ ಮೊದಲ ದೃಶ್ಯವನ್ನು ತಿದ್ದಲು ಕೂರಿ.