ಬಸ್ ತೆಗೆದವನಿಗೆ ಪೊಲೀಸ್ ಕಾವಲು ಬೇಡವೇ?

ಶಹಾಬಾದಿನ ಹಿರಿಯ ಓದುಗರೊಬ್ಬರ ಪತ್ರ: "ಮುಷ್ಕರದ ಹೊತ್ತಿನಲ್ಲಿ ಬಸ್ ಓಡಿಸುವವರಿಗೆ ಪೊಲೀಸ್ ಕಾವಲು ಕೊಟ್ಟರೆ ಸರ್ಕಾರವೇ ಮುಷ್ಕರ ಮುರಿದಂತೆ. ಕಾರ್ಮಿಕರ ಜಗಳದಲ್ಲಿ ಪೊಲೀಸರಿಗೇನು ಕೆಲಸ? ಠಾಣೆಯಲ್ಲೇ ಇರಲಿ. ನಿಮ್ಮ ಪತ್ರಿಕೆ ಏನನ್ನುತ್ತದೆ?"

ಸಂಪಾದಕರ ಉತ್ತರ:

ಹಿರಿಯರೇ, ಕಾರ್ಖಾನೆಯ ಗೇಟಿನ ಮುಂದೆ ವರ್ಷಗಟ್ಟಲೆ ಬಾವುಟ ಹಿಡಿದವರು ನೀವು. ಸಂಬಳಕ್ಕಾಗಿ ಕೆಲಸ ನಿಲ್ಲಿಸುವುದು ತಪ್ಪಲ್ಲ, ಒಪ್ಪಿದೆ. ಕಾನೂನುಬದ್ಧ ಮುಷ್ಕರ ನಡೆಯುವಾಗ ಮಾಲೀಕ ಹೊಸಬರನ್ನು ನೇಮಿಸಿಕೊಳ್ಳುವುದು ಅನ್ಯಾಯ ಎಂದು ಕಾನೂನೇ ಹೇಳುತ್ತದೆ. ಇಷ್ಟು ನಿಮ್ಮ ಪಾಲಿಗೆ. ಮುಂದಿನದು ನಿಮಗೆ ರುಚಿಸಲಿಕ್ಕಿಲ್ಲ.

2021ರ ಏಪ್ರಿಲ್ ನೆನಪಿದೆಯಲ್ವಾ? ಆರನೇ ವೇತನ ಆಯೋಗದ ಸಂಬಳ ಬೇಕೆಂದು ಸಾರಿಗೆ ನೌಕರರು 7ನೇ ತಾರೀಖಿನಿಂದ ಬಸ್ ನಿಲ್ಲಿಸಿದರು. ಬೇಡಿಕೆ ನ್ಯಾಯವಾದದ್ದೇ ಇರಬಹುದು. ಆದರೆ ಅದೇ ತಿಂಗಳು ಜಮಖಂಡಿ ಹತ್ತಿರ ಬಸ್ ಓಡಿಸುತ್ತಿದ್ದ ಚಾಲಕನ ಮೇಲೆ ಕಲ್ಲು ಬಿತ್ತು. ಅವರು ಸತ್ತೇ ಹೋದರು. ಅವರೂ ನೌಕರರೇ. ಮುಷ್ಕರ ಗೆದ್ದಿದ್ದರೆ ಅವರ ಸಂಬಳವೂ ಏರುತ್ತಿತ್ತು. ಅವರಿಗೆ ಕಾವಲು ಕೊಟ್ಟಿದ್ದರೆ ಯಾವ ಮುಷ್ಕರ ಮುರಿಯುತ್ತಿತ್ತು, ಹೇಳಿ?

"ಪೊಲೀಸರು ದೂರ ಇರಲಿ" ಎಂಬುದು ಹೊಸ ಮಾತಲ್ಲ. 1967ರಲ್ಲಿ ಪಶ್ಚಿಮ ಬಂಗಾಳದ ಸರ್ಕಾರ ಇದನ್ನೇ ಸುತ್ತೋಲೆಯಾಗಿ ಹೊರಡಿಸಿತ್ತು. ಕಾರ್ಖಾನೆಯಲ್ಲಿ ಘೇರಾವ್ ನಡೆದರೆ, ಅಂದರೆ ಕಾರ್ಮಿಕರು ಮ್ಯಾನೇಜರನ್ನು ಸುತ್ತುವರಿದು ಹೊರಗೆ ಬಿಡದಿದ್ದರೆ, ಮೊದಲು ಕಾರ್ಮಿಕ ಸಚಿವರನ್ನು ಕೇಳಬೇಕು, ಪೊಲೀಸರು ಆಮೇಲೆ ಹೋಗಬೇಕು. ಮ್ಯಾನೇಜರು ಅನ್ನ ನೀರಿಲ್ಲದೆ ಕೋಣೆಯಲ್ಲಿ ಕೂತಿರಬೇಕು, ಇನ್‌ಸ್ಪೆಕ್ಟರು ಸಚಿವರ ಫೋನಿಗೆ ಕಾಯಬೇಕು! ಕಲ್ಕತ್ತಾ ಹೈಕೋರ್ಟ್ ಜೇ ಎಂಜಿನಿಯರಿಂಗ್ ಪ್ರಕರಣದಲ್ಲಿ ಆ ಸುತ್ತೋಲೆಗಳನ್ನು ರದ್ದು ಮಾಡಿತು. ನೀವು ಹೆಮ್ಮೆಯಿಂದ ಎತ್ತಿ ತೋರಿಸುವ, 2025ರವರೆಗೆ ಜಾರಿಯಲ್ಲಿದ್ದ 1926ರ ಟ್ರೇಡ್ ಯೂನಿಯನ್ ಕಾಯ್ದೆಯನ್ನೂ ಇನ್ನೊಮ್ಮೆ ಓದಿ. ಒಟ್ಟಾಗಿ ಕೆಲಸ ಬಿಟ್ಟರೆ ಅದು ಒಳಸಂಚಲ್ಲ ಎಂದು ಅದು ರಕ್ಷಣೆ ಕೊಟ್ಟಿತ್ತು. ಅಪರಾಧ ಮಾಡಲು ಒಟ್ಟಾದರೆ ಕೊಟ್ಟಿರಲಿಲ್ಲ. ಇಂಗ್ಲಿಷರ ಕಾಲದಲ್ಲೇ ಬರೆದಿಟ್ಟ ಮಾತು ಇದು.

ದೊಡ್ಡ ಕಾರ್ಖಾನೆಯ ಮಾಲೀಕನಿಗೆ ಹಣ ಕಟ್ಟಿ ಬಂದೋಬಸ್ತ್ ಪಡೆಯುವ ದಾರಿ ಇದೆ. ಜೇವರ್ಗಿ ಕಡೆಯ ಹಳ್ಳಿಯಲ್ಲಿ ನೈಟ್ ಹಾಲ್ಟ್ ಮಾಡಿ, ನಸುಕಿನಲ್ಲಿ ಒಬ್ಬನೇ ಬಸ್ ತೆಗೆಯುವ ಚಾಲಕನಿಗೆ ಏನಿದೆ? ಅವನ ಪಾಲಿಗೆ ಪೊಲೀಸ್ ಬೇಡ ಎನ್ನುವುದು ಕಾರ್ಮಿಕರ ಪರ ಮಾತು ಹೇಗಾಗುತ್ತದೆ?

ಹಾಗಂತ ನಮ್ಮ ಪೊಲೀಸರನ್ನು ಹೊಗಳುತ್ತಿಲ್ಲ. ಬಂದೋಬಸ್ತ್ ಎಲ್ಲ ಕಲಬುರಗಿ ಕೇಂದ್ರ ಬಸ್ ನಿಲ್ದಾಣದಲ್ಲಿ, ಡಿಪೊ ಗೇಟಿನಲ್ಲಿ, ಟಿವಿ ಕ್ಯಾಮೆರಾ ಇರುವ ಕಡೆ. ಕಲ್ಲು ಬೀಳುವುದು ಮಾತ್ರ ತೊಗರಿ ಹೊಲದ ಪಕ್ಕದ ಖಾಲಿ ರಸ್ತೆಯಲ್ಲಿ. ಮಂತ್ರಿ ಬಂದರೆ ಸರ್ಕಲ್ಲಿಗೊಬ್ಬ ಪೇದೆ ಸಿಗುತ್ತಾನೆ. ಚಾಲಕನಿಗೆ "ಸಿಬ್ಬಂದಿ ಕಡಿಮೆ" ಎಂಬ ಉತ್ತರ. ಬೆಂಗಳೂರಿನವರಿಗೆ ಬಸ್ ನಿಂತರೆ ಮೆಟ್ರೊ ಇದೆ. ನಮ್ಮಲ್ಲಿ ಟಂಟಂ ಆಟೊ, ಇಲ್ಲವೆ ಜನ ನೇತಾಡುವ ಕ್ರೂಸರ್ ಜೀಪು. ಅಫಜಲಪುರದಿಂದ ಕಲಬುರಗಿಯ ಜಿಮ್ಸ್ ಸರ್ಕಾರಿ ಆಸ್ಪತ್ರೆಗೆ ಬರುವ ಬಾಣಂತಿ ಅದರಲ್ಲೇ ಬರಬೇಕು. ಕಲ್ಯಾಣ ಕರ್ನಾಟಕ ಎಂದು ಬಸ್ಸಿನ ಮೇಲೆ ಬರೆದರೆ ಸಾಕೆ?

ಸಾರ್ವಜನಿಕ ಸೇವೆಯಲ್ಲಿ ಮುಷ್ಕರಕ್ಕೆ ಕನಿಷ್ಠ 14 ದಿನ ಮೊದಲು ನೋಟಿಸ್ ಕೊಡಬೇಕು. ಆ ದಿನಗಳಲ್ಲಿ ಅಧಿಕಾರಿಗಳು ಮಾತುಕತೆಗೆ ಕೂರಬಹುದು. ಯಾವ ಹಳ್ಳಿಯಲ್ಲಿ ಯಾವ ಬಸ್ ತಂಗುತ್ತದೆ ಎಂಬ ಪಟ್ಟಿಯನ್ನು ಪೊಲೀಸರು ಡಿಪೊದಿಂದ ತರಿಸಿಕೊಳ್ಳಬಹುದು. ಸುಮ್ನೆ ಕೂತು ಕೊನೆಯ ರಾತ್ರಿ ಓಡಾಡಿದರೆ ಏನು ಬಂತು?

ನಿಮ್ಮ ಮಾತಿಗೆ ಯೂನಿಯನ್‌ನಲ್ಲಿ ಇನ್ನೂ ಬೆಲೆ ಇದೆ ಎಂದು ಕೇಳಿದ್ದೇನೆ. ಮುಂದಿನ ಸಲ ನೋಟಿಸ್ ಬರೆಯುವಾಗ "ಓಡುವ ಬಸ್ಸಿಗೆ ನಮ್ಮವರು ಯಾರೂ ಕಲ್ಲು ಹೊಡೆಯುವುದಿಲ್ಲ" ಎಂಬ ಸಾಲೊಂದನ್ನು ಸೇರಿಸಲು ಹೇಳಿ. ಆ ನೋಟಿಸನ್ನು ನಮಗೂ ಕಳಿಸಿ, ಮುಖಪುಟದಲ್ಲೇ ಹಾಕುತ್ತೇವೆ.