ಭವಿಷ್ಯ ನುಡಿಯುವುದಷ್ಟೇ ವಿಜ್ಞಾನ ಕಾದಂಬರಿಯ ಕೆಲಸವೇ?

ಪ್ರಿಯ ಓದುಗರೇ,

ವಿಜ್ಞಾನ ಕಾದಂಬರಿಗಳ ಮೇಲಿನ ವಿಮರ್ಶಾಗ್ರಂಥಗಳನ್ನು ಕುರಿತು ಕಳೆದ ಸಂಚಿಕೆಯಲ್ಲಿ ಬಂದ ಲೇಖನ ನಿಮಗೆ ಬೇಸರ ತರಿಸಿದೆ. ‘ಕಥೆ ಓದುವವನಿಗೆ ಕಥೆ ಸಾಕು, ಕಥೆಯ ಮೇಲಿನ ಪುಸ್ತಕ ಯಾರಿಗೆ ಬೇಕು? ಯಾವ ಲೇಖಕ ನುಡಿದ ಭವಿಷ್ಯ ನಿಜವಾಯಿತೆಂಬ ಪಟ್ಟಿಯನ್ನಾದರೂ ಕೊಟ್ಟಿದ್ದರೆ ಉಪಯೋಗವಿತ್ತು. ಎರಡನೆಯ ಕಂತನ್ನು ನಿಲ್ಲಿಸಿ’ ಎಂದು ಬರೆದಿದ್ದೀರಿ. ಮೂವತ್ತು ವರ್ಷಗಳಿಂದ ಈ ಕಾದಂಬರಿಗಳನ್ನು ಬಿಡದೆ ಓದುತ್ತಿರುವುದಾಗಿಯೂ ತಿಳಿಸಿದ್ದೀರಿ. ಅಷ್ಟು ಕಾಲ ಓದಿದವರು ಆಡಿದ ಮಾತೆಂಬ ಕಾರಣಕ್ಕೇ ಈ ಉತ್ತರ ದೀರ್ಘವಾಗುತ್ತಿದೆ.

ಲೇಖಕರು ಮುಂದಿನದನ್ನು ಊಹಿಸಿ ಗೆದ್ದದ್ದುಂಟು, ಅದನ್ನು ಅಲ್ಲಗಳೆಯುವುದಿಲ್ಲ. ಭೂಸ್ಥಿರ ಕಕ್ಷೆಯ, ಎಂದರೆ ನೆಲದಿಂದ ನೋಡಿದರೆ ಒಂದೇ ಕಡೆ ನಿಂತಂತೆ ಕಾಣುವ, ಉಪಗ್ರಹಗಳ ಮೂಲಕ ಜಗತ್ತಿಗೆಲ್ಲ ಸಂದೇಶ ರವಾನಿಸಬಹುದೆಂದು ಆರ್ಥರ್ ಸಿ. ಕ್ಲಾರ್ಕ್ 1945ರಲ್ಲೇ ವಿವರಿಸಿದ್ದರು. ಆದರೆ ಅವರು ಅದನ್ನು ಬರೆದದ್ದು ರೇಡಿಯೋ ತಂತ್ರಜ್ಞಾನದ ಪತ್ರಿಕೆಯ ಲೇಖನದಲ್ಲಿ, ಕಾದಂಬರಿಯಲ್ಲಲ್ಲ. ಇನ್ನು ನೀವು ಉದಾಹರಿಸಿದ ಜೂಲ್ಸ್ ವರ್ನ್ ಅವರನ್ನೇ ನೋಡೋಣ. 1865ರ ಅವರ ಕಾದಂಬರಿಯಲ್ಲಿ ಮೂವರು ಫ್ಲಾರಿಡಾದಿಂದ ಚಂದ್ರನತ್ತ ಹೊರಡುತ್ತಾರೆ, ಒಂದು ಶತಮಾನದ ಬಳಿಕ ಅಪೋಲೋದಲ್ಲಿ ಹೊರಟವರೂ ಅಲ್ಲಿಂದಲೇ ಹೊರಟ ಮೂವರು. ಇಷ್ಟನ್ನು ಎಲ್ಲರೂ ಹೇಳುತ್ತಾರೆ. ವರ್ನ್ ಅವರ ಯಾತ್ರಿಕರನ್ನು ಒಯ್ಯುವುದು ಒಂಬೈನೂರು ಅಡಿ ಉದ್ದದ ಫಿರಂಗಿಯಿಂದ ಸಿಡಿದ ಗುಂಡು. ಅಷ್ಟು ಗಿಡ್ಡ ಕೊಳವೆಯೊಳಗೆ ಭೂಮಿಯ ಸೆಳೆತ ಮೀರುವ ವೇಗ ಬರಬೇಕಾದರೆ ಒಳಗಿದ್ದವರ ಮೇಲೆ ಭೂಗುರುತ್ವದ ಸಾವಿರಾರು ಪಟ್ಟು ಒತ್ತಡ ಬಿದ್ದು, ಗುಂಡು ಕೊಳವೆಯಿಂದ ಹೊರಬರುವ ಮೊದಲೇ ಮೂವರೂ ಸತ್ತಿರುತ್ತಾರೆ. ನಿಮ್ಮ ಪಟ್ಟಿಯಲ್ಲಿ ವರ್ನ್ ಅವರಿಗೆ ಎಷ್ಟು ಅಂಕ ಕೊಡುತ್ತೀರಿ?

ಎಚ್. ಜಿ. ವೆಲ್ಸ್ ಅವರ 1895ರ ‘ಟೈಮ್ ಮಷಿನ್’ ಆ ಪಟ್ಟಿಗೆ ಸೇರುವುದೇ ಇಲ್ಲ. ಅದರ ನಾಯಕ ಹೋಗಿ ಇಳಿಯುವುದು 802701ನೆಯ ಇಸವಿಯಲ್ಲಿ. ನಿಜವೋ ಸುಳ್ಳೋ ಎಂದು ತಾಳೆ ನೋಡಲು ಯಾವ ಓದುಗನೂ ಉಳಿದಿರುವುದಿಲ್ಲ. ನೆಲದ ಮೇಲೆ ಸುಖವಾಗಿರುವ ಎಲಾಯ್‌ಗಳು, ನೆಲದಡಿ ಯಂತ್ರ ನಡೆಸುವ ಮಾರ್ಲಾಕ್‌ಗಳು, ಇವರಿಬ್ಬರೂ ವೆಲ್ಸ್ ಕಣ್ಣಾರೆ ಕಂಡ ಇಂಗ್ಲೆಂಡಿನ ಧಣಿಗಳು ಮತ್ತು ಕಾರ್ಮಿಕರ ಸಂತತಿ. ಈ ಕಥೆಯನ್ನು ನಾನು ಬಾಲ್ಯದಲ್ಲಿ ಒಂದು ಸಂಗ್ರಹಾವೃತ್ತಿಯಲ್ಲಿ ಓದಿ, ಮುಗಿಸಿದೆನೆಂದು ತಿಳಿದಿದ್ದೆ. ಎಷ್ಟೋ ವರ್ಷಗಳ ಮೇಲೆ, ವಿಮರ್ಶೆಯ ಪುಸ್ತಕವೊಂದರಲ್ಲಿ ಕಾದಂಬರಿಯ ಕೊನೆಯ ಕಡಲತೀರದ ಪ್ರಸ್ತಾಪ ಬಂದಾಗ ಬೆಚ್ಚಿದೆ. ಊದಿಕೊಂಡ ಕೆಂಪು ಸೂರ್ಯ, ಅಲೆಯಿಲ್ಲದ ಸಮುದ್ರ, ತೆವಳುವ ದೈತ್ಯ ಏಡಿಗಳು, ಇವೊಂದೂ ನಾನು ಓದಿದ ಪ್ರತಿಯಲ್ಲಿರಲಿಲ್ಲ. ಮಕ್ಕಳಿಗೆ ಬೇಡವೆಂದು ಯಾರೋ ಕತ್ತರಿಸಿದ್ದರು. ಕಥೆಯ ಮೇಲಿನ ಪುಸ್ತಕವೇ ನನಗೆ ಆ ಕಥೆಯನ್ನು ಪೂರ್ತಿಯಾಗಿ ದೊರಕಿಸಿಕೊಟ್ಟಿತು.

ಓದುವ ಬಗೆಯನ್ನು ಕಲಿಸಿದ್ದೂ ಇಂಥ ಪುಸ್ತಕಗಳೇ. ‘ಅವಳ ಜಗತ್ತು ಸಿಡಿದುಹೋಯಿತು’ ಎಂಬ ವಾಕ್ಯವನ್ನು ಸಾಮಾಜಿಕ ಕಾದಂಬರಿಯಲ್ಲಿ ಓದಿದರೆ ಆಕೆಯ ಮನಸ್ಸು ಮುರಿಯಿತೆಂದು ಅರ್ಥ. ವಿಜ್ಞಾನ ಕಾದಂಬರಿಯಲ್ಲಾದರೆ ಆಕೆಯಿದ್ದ ಗ್ರಹವೇ ಚೂರಾಗಿರಬಹುದು. ಸ್ವತಃ ಕಾದಂಬರಿಕಾರರಾದ ಸ್ಯಾಮ್ಯುಯೆಲ್ ಡಿಲೇನಿ ಇಂಥ ಒಂದೊಂದು ವಾಕ್ಯವನ್ನು ಮುಂದಿಟ್ಟುಕೊಂಡು, ಈ ಪ್ರಕಾರದ ಓದುಗ ಪದಗಳಿಂದ ಲೋಕವೊಂದನ್ನು ಹೇಗೆ ಕಟ್ಟಿಕೊಳ್ಳುತ್ತಾನೆಂದು ತೋರಿಸಿದರು. ಮೂವತ್ತು ವರ್ಷಗಳಿಂದ ನೀವು ಮಾಡುತ್ತ ಬಂದಿರುವುದೂ ಇದೇ, ಅದಕ್ಕೊಂದು ಹೆಸರಿದೆಯೆಂದು ಗಮನಿಸಿಲ್ಲ, ಅಷ್ಟೆ.

ವಿಮರ್ಶೆಯಿಂದ ಕಾದಂಬರಿಗೇನು ಲಾಭ ಎಂದೂ ಕೇಳಿದ್ದೀರಿ. 1945ರಲ್ಲಿ ಎ. ಇ. ವ್ಯಾನ್ ವೋಗ್ಟ್ ಅವರ ‘ವರ್ಲ್ಡ್ ಆಫ್ ನಲ್-ಎ’ ಕಾದಂಬರಿ ಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬಂದು ಹೆಸರು ಮಾಡಿದಾಗ, ಇಪ್ಪತ್ತರ ಹರೆಯದ ಡೇಮನ್ ನೈಟ್ ಅದರ ಕಥಾಹಂದರದ ಬಿರುಕುಗಳನ್ನು ಒಂದೂ ಬಿಡದೆ ಎತ್ತಿ ತೋರಿಸಿದ. ಆ ಬರಹ ಮುಂದೆ 1956ರ ‘ಇನ್ ಸರ್ಚ್ ಆಫ್ ವಂಡರ್’ ಪುಸ್ತಕ ಸೇರಿತು. ವ್ಯಾನ್ ವೋಗ್ಟ್ 1970ರಲ್ಲಿ ಕಾದಂಬರಿಯನ್ನು ಪರಿಷ್ಕರಿಸಿ, ಮುನ್ನುಡಿಯಲ್ಲಿ ಆ ಟೀಕೆಯ ಪ್ರಸ್ತಾಪ ಮಾಡಿದರು. ಹೊಗಳಿಕೆಯ ನೂರು ಪತ್ರಗಳು ಮಾಡಲಾಗದ ಕೆಲಸವಿದು.

ಇನ್ನು ನನ್ನನ್ನು ಬಹುಕಾಲದಿಂದ ಕೊರೆಯುತ್ತಿರುವ ಸಂಗತಿ. ಒಂದು ವಿಜ್ಞಾನ ಕಾದಂಬರಿ ಚೆನ್ನಾಗಿದೆಯೆಂದು ಒಪ್ಪಬೇಕಾದ ಗಳಿಗೆಯಲ್ಲೇ ‘ಇದು ಬರೀ ವಿಜ್ಞಾನ ಕಾದಂಬರಿಯಲ್ಲ, ನಿಜವಾದ ಸಾಹಿತ್ಯ’ ಎಂದು ಬರೆಯುವ ವಿಮರ್ಶಕರಿದ್ದಾರೆ. ಒಳ್ಳೆಯದನ್ನೆಲ್ಲ ಹೀಗೆ ಎತ್ತಿಕೊಂಡು ಹೋಗಿ, ಉಳಿದ ಜೊಳ್ಳನ್ನು ತೋರಿಸಿ ಈ ಪ್ರಕಾರವೇ ಜೊಳ್ಳೆನ್ನುತ್ತಾರೆ. ಇದಕ್ಕೆ ಎದುರಾಗಿ ಕಾದಂಬರಿಕಾರ ಬ್ರಯಾನ್ ಆಲ್ಡಿಸ್ 1973ರ ‘ಬಿಲಿಯನ್ ಇಯರ್ ಸ್ಪ್ರೀ’ ಎಂಬ ವಿಜ್ಞಾನ ಕಾದಂಬರಿಯ ಚರಿತ್ರೆಯಲ್ಲಿ ಮೇರಿ ಶೆಲ್ಲಿಯವರ 1818ರ ‘ಫ್ರಾಂಕೆನ್‌ಸ್ಟೈನ್’ ಕೃತಿಯೇ ಈ ಪರಂಪರೆಯ ಮೂಲವೆಂದು ವಾದಿಸಿದರು. ಆ ಕಾದಂಬರಿ ಮೊದಲು ಲೇಖಕಿಯ ಹೆಸರಿಲ್ಲದೆ, ಪತಿ ಪರ್ಸಿ ಬರೆದ ಮುನ್ನುಡಿಯೊಡನೆ ಬಂದಿತ್ತು. ಅವನೇ ಅದನ್ನು ಬರೆದವನೆಂದು ನಂಬಿದವರೂ ಇದ್ದರು. ಆಲ್ಡಿಸ್ ಅವರ ವಾದವನ್ನು ಒಪ್ಪದವರಿದ್ದಾರೆ, ಒಪ್ಪಬೇಕೆಂದು ನಾನೂ ಹಟ ಹಿಡಿಯುವುದಿಲ್ಲ. ಆದರೆ ಆ ಪುಸ್ತಕ ಬಂದ ಮೇಲೆ ಈ ಪ್ರಕಾರಕ್ಕೆ ಚರಿತ್ರೆಯೇ ಇಲ್ಲವೆಂದು ಹೇಳುವುದು ಕಷ್ಟವಾಯಿತು. ಇಂಥ ಪುಸ್ತಕಗಳು ಒಮ್ಮೆ ಅಚ್ಚಾಗಿ, ಪ್ರತಿಗಳು ಮುಗಿದ ಮೇಲೆ ಮರುಮುದ್ರಣ ಕಾಣದೆ ಹೋಗುವಾಗ ಸಂಕಟವಾಗುತ್ತದೆ. ನನ್ನಲ್ಲಿರುವ ಪ್ರತಿಯ ಬೆನ್ನು ಬಿಟ್ಟು, ಹಾಳೆಗಳು ದಾರದಲ್ಲಿ ನೇತಾಡುತ್ತಿವೆ. ಬದಲಿಗೆ ಇನ್ನೊಂದು ಸಿಕ್ಕೀತೆಂಬ ಧೈರ್ಯವಿಲ್ಲದೆ ಎರಡೂ ಕೈಯಲ್ಲಿ ಹಿಡಿದು ಓದುತ್ತೇನೆ.

ಎರಡನೆಯ ಕಂತು ಮುಂದಿನ ಸಂಚಿಕೆಯಲ್ಲಿ ಬರುತ್ತದೆ. ಉರ್ಸುಲಾ ಲೆಗ್ವಿನ್ 1969ರ ತಮ್ಮ ‘ಲೆಫ್ಟ್ ಹ್ಯಾಂಡ್ ಆಫ್ ಡಾರ್ಕ್‌ನೆಸ್’ ಕಾದಂಬರಿಗೆ 1976ರಲ್ಲಿ ಬರೆದ ಮುನ್ನುಡಿಯ ಚರ್ಚೆ ಅದರಲ್ಲಿದೆ. ಭವಿಷ್ಯ ನುಡಿಯುವುದು ಕಾದಂಬರಿಕಾರರ ಕೆಲಸವಲ್ಲವೆಂಬ ಅವರ ಮಾತನ್ನು ದಯವಿಟ್ಟು ಓದಿ. ಆಮೇಲೂ ನಿಮಗೆ ನನ್ನ ಮಾತು ಸರಿಕಾಣದಿದ್ದರೆ ನಿಮ್ಮ ಪಟ್ಟಿಯನ್ನು ಕಳುಹಿಸಿ, ಪ್ರಕಟಿಸುತ್ತೇನೆ. ಮೂವತ್ತು ವರ್ಷಗಳಲ್ಲಿ ನೀವು ಎರಡು ಬಾರಿ ಓದಿದ ಕಾದಂಬರಿಗಳು ಯಾವುವು, ಮತ್ತೆ ಕೈಗೆತ್ತಿಕೊಂಡದ್ದು ಏಕೆ ಎಂಬುದನ್ನೂ ಜೊತೆಗೆ ಬರೆಯಿರಿ.

— ಸಂಪಾದಕ