ಇದು ಗೇಣಿ ಅಲ್ವಾ ಮಗಾ?

"ಬ್ಯಾಂಕಿನವರು ಒಳ್ಳೆಯವರು ಮೇಡಂ. ಬಡ್ಡಿ ಇಷ್ಟೆಲ್ಲ ಏರಿದ್ರೂ ನಮ್ಮ ಇಎಂಐ ಒಂದು ರೂಪಾಯಿ ಏರಿಸಲಿಲ್ಲ."

ಈ ಮಾತನ್ನು ಎಷ್ಟು ಜನರ ಬಾಯಲ್ಲಿ ಕೇಳಿದ್ದೇನೋ ಲೆಕ್ಕ ಇಟ್ಟಿಲ್ಲ. ಹೇಳುವವರ ಮುಖದಲ್ಲಿ ನೆಮ್ಮದಿ ಇರುತ್ತದೆ. ಆ ನೆಮ್ಮದಿ ಕೆಡಿಸುವ ಕೆಲಸ ನನ್ನ ಪಾಲಿಗೆ ಬರುತ್ತದೆ. ಅದಕ್ಕೇ ಈ ಒಂದು ಪ್ರಕರಣವನ್ನು ಬರೆದಿಡಬೇಕು ಅನ್ನಿಸಿತು. ಹೆಸರು, ಕೆಲಸ, ಊರಿನ ಗುರುತುಗಳನ್ನು ಬದಲಿಸಿದ್ದೇನೆ. ಅವರ ಒಪ್ಪಿಗೆ ಕೇಳಿದ್ದೇನೆ.

ನಾನು ಬ್ಯಾಂಕಿನಲ್ಲಿ 30 ವರ್ಷ ದುಡಿದವಳು. ಈಗ ಉಡುಪಿಯಲ್ಲಿ, ಸಾಲದ ತಾಪತ್ರಯದಲ್ಲಿರುವ ಕುಟುಂಬಗಳ ಜೊತೆ ಕೂತು ಮಾತಾಡುತ್ತೇನೆ. 2023ರ ಆಟಿ ತಿಂಗಳಲ್ಲಿ, ಅಂದರೆ ಜುಲೈ-ಆಗಸ್ಟ್ ಹೊತ್ತಿಗೆ, ಒಂದೇ ಸಮನೆ ಮಳೆ ಸುರಿಯುತ್ತಿದ್ದ ಒಂದು ಶನಿವಾರ, ಗಂಡ ಹೆಂಡತಿ ಬಂದರು. ರಾಜೇಶ, ಸೌಮ್ಯ ಅಂತ ಕರೆಯೋಣ. ರಾಜೇಶನಿಗೆ 39 ವರ್ಷ, ಮಣಿಪಾಲದ ಕಡೆ ಕೆಲಸ. ಸೌಮ್ಯ ಶಾಲೆಯಲ್ಲಿ ಟೀಚರ್. ಜೊತೆಗೆ ರಾಜೇಶನ ಅಮ್ಮನೂ ಬಂದಿದ್ದರು. ಮನೆಯಲ್ಲಿ ಒಬ್ಬರೇ ಇರುವುದು ಬೇಡ ಅಂತ ಕರಕೊಂಡು ಬಂದದ್ದಂತೆ.

ಅವರು ಕೇಳಲು ಬಂದದ್ದು ಟಾಪ್‌ಅಪ್ ಸಾಲದ ಬಗ್ಗೆ. ಕಾರಿಗೆ 7 ಲಕ್ಷ ಬೇಕಿತ್ತು. ಫ್ಲ್ಯಾಟ್ ಮೇಲೆಯೇ ಇನ್ನಷ್ಟು ಸಾಲ ಕೊಡಲು ಬ್ಯಾಂಕ್ ಸಿದ್ಧ ಇತ್ತು. ರಾಜೇಶನಿಗೆ ಮನಸ್ಸಿತ್ತು, ಸೌಮ್ಯಳಿಗೆ ಹೆದರಿಕೆ. ಇಬ್ಬರ ನಡುವೆ ತಿಂಗಳಿಂದ ಸರಿಯಾಗಿ ಮಾತಿಲ್ಲ. ಆಗಲೇ ರಾಜೇಶ ಮೇಲಿನ ಮಾತು ಹೇಳಿದ್ದು. ಇಎಂಐ ಏರಿಲ್ಲ, ಸಂಬಳ ಸ್ವಲ್ಪ ಏರಿದೆ, ಹಾಗಾಗಿ ಇನ್ನೊಂದು ಸಾಲ ತಡಕೊಳ್ಳಬಹುದು. ಇದು ಅವನ ಲೆಕ್ಕ.

ಸ್ಟೇಟ್‌ಮೆಂಟ್ ಇದೆಯಾ ಕೇಳಿದೆ. ಮೊಬೈಲಿನಲ್ಲಿತ್ತು, ಆದರೆ ಅವನು ಯಾವತ್ತೂ ತೆರೆದು ನೋಡಿರಲಿಲ್ಲ. ಪ್ರಿಂಟ್ ತೆಗೆದು ಮೇಜಿನ ಮೇಲೆ ಹರಡಿದೆ.

2021ರ ಫೆಬ್ರವರಿಯಲ್ಲಿ 40 ಲಕ್ಷ ಸಾಲ, ಬಡ್ಡಿ ಶೇ 7, 20 ವರ್ಷದ ಅವಧಿ. ಇಎಂಐ 31,012. ಇದರಲ್ಲಿ ಮೊದಲ ತಿಂಗಳು ಬಡ್ಡಿಗೇ ಹೋದದ್ದು 23,333. ಅಸಲಿಗೆ 7,679. ಇದರಲ್ಲಿ ಮೋಸ ಏನೂ ಇಲ್ಲ, ಬಾಕಿ ಇರುವ ಅಸಲಿನ ಮೇಲೆ ಪ್ರತಿ ತಿಂಗಳು ಬಡ್ಡಿ ಹಾಕುವಾಗ ಶುರುವಿನಲ್ಲಿ ಹೀಗೇ ಆಗುವುದು. ದರ ಬದಲಾಗದೆ 20 ವರ್ಷ ಪೂರ್ತಿ ಕಟ್ಟಿದ್ದರೆ ಒಟ್ಟು 74 ಲಕ್ಷ 43 ಸಾವಿರ ಆಗುತ್ತಿತ್ತು. ಅಂದರೆ ಬಡ್ಡಿಯೇ ಸುಮಾರು 34 ಲಕ್ಷ 43 ಸಾವಿರ. ಈ ಒಂದು ಸಂಖ್ಯೆಯನ್ನು ಸಾಲ ಕೊಡುವಾಗ ಯಾರೂ ಬಾಯಿಬಿಟ್ಟು ಹೇಳಿರಲಿಲ್ಲ. ಕಾಗದದಲ್ಲಿ ಇತ್ತು ಅನ್ನಬಹುದು. 40 ಕಡೆ ಸಹಿ ಹಾಕುವ ಹೊತ್ತಿನಲ್ಲಿ ಕಾಗದ ಓದುವವರು ಯಾರು?

ಆಮೇಲೆ ಏನಾಯಿತು ಅಂದರೆ, 2022ರ ಮೇ ತಿಂಗಳಿಂದ 2023ರ ಫೆಬ್ರವರಿ ಒಳಗೆ ರಿಸರ್ವ್ ಬ್ಯಾಂಕ್ ರೆಪೊ ದರವನ್ನು, ಅಂದರೆ ಬ್ಯಾಂಕುಗಳಿಗೆ ತಾನು ಸಾಲ ಕೊಡುವ ಬಡ್ಡಿಯನ್ನು, ಶೇ 4ರಿಂದ 6.5ಕ್ಕೆ ಏರಿಸಿತು. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳು ಕೊಡುವ ಹೊಸ ಫ್ಲೋಟಿಂಗ್ ದರದ (ಆಗಾಗ ಬದಲಾಗುವ ಬಡ್ಡಿಯ) ಗೃಹಸಾಲಗಳು ರೆಪೊದಂಥ ಹೊರಗಿನ ದರಕ್ಕೆ ಕಟ್ಟಿಹಾಕಿರುವಂಥವು. ಅಲ್ಲಿ ಏರಿದರೆ ಇಲ್ಲೂ ಏರುತ್ತದೆ. ಇವರ ಬಡ್ಡಿ ಶೇ 9.5 ಆಗಿತ್ತು. ಇಎಂಐ ಮಾತ್ರ ಅಷ್ಟೇ ಇತ್ತು. ಹಾಗಾದರೆ ಏರಿದ ಬಡ್ಡಿ ಎಲ್ಲಿಂದ ಬರಬೇಕು? ಅಸಲಿಗೆ ಹೋಗುತ್ತಿದ್ದ ಪಾಲಿನಿಂದ.

ಜೂನ್ ತಿಂಗಳ ಸಾಲಿಗೆ ಬೆರಳಿಟ್ಟು ತೋರಿಸಿದೆ. ಬಡ್ಡಿ 30,362. ಅಸಲು 650.

ಸೌಮ್ಯ ಎರಡು ಸಲ ಓದಿದಳು. "ಆರೂವರೆ ಸಾವಿರವಾ ಮೇಡಂ?" ಅಂದಳು. ಅಲ್ಲ, 650 ರೂಪಾಯಿ. ಆವರೆಗೆ 29 ಕಂತು ಕಟ್ಟಿದ್ದರು, ಹತ್ತಿರ ಹತ್ತಿರ 9 ಲಕ್ಷ. ಅಸಲು ಇಳಿದದ್ದು 1 ಲಕ್ಷ 65 ಸಾವಿರ. ಇದೇ ದರ, ಇದೇ ಕಂತು ಮುಂದುವರಿದರೆ ಸಾಲ ತೀರಲು ಇನ್ನೂ 40 ವರ್ಷ ದಾಟುತ್ತದೆ. ಅಷ್ಟು ವರ್ಷ ಬ್ಯಾಂಕ್ ಕಾಯುವುದಿಲ್ಲ, ನಿವೃತ್ತಿ ವಯಸ್ಸಿಗೆ ಹೊಂದಿಸಲು ಯಾವತ್ತಾದರೂ ಒಂದು ದಿನ ಇಎಂಐಯನ್ನು ಒಮ್ಮೆಲೇ ಏರಿಸುತ್ತದೆ. ಆ ದಿನ ಟಾಪ್‌ಅಪ್ ಸಾಲದ ಕಂತೂ ಜೊತೆಗಿದ್ದರೆ ಏನು ಗತಿ?

ರಾಜೇಶ ಮಾತಾಡಲಿಲ್ಲ. ಕಾಗದವನ್ನು ತನ್ನ ಕಡೆ ತಿರುಗಿಸಿಕೊಂಡ, ಮತ್ತೆ ನನ್ನ ಕಡೆ ತಿರುಗಿಸಿದ.

ಆವರೆಗೆ ಅಮ್ಮ ಸುಮ್ನೆ ಕೂತಿದ್ದರು. ಒದ್ದೆಯಾದ ಕೊಡೆಯನ್ನು ಕಾಲ ಬಳಿ ಒರಗಿಸಿಟ್ಟುಕೊಂಡು, ಅದರಿಂದ ಇಳಿಯುತ್ತಿದ್ದ ನೀರು ನನ್ನ ಚಾಪೆಗೆ ಹೋಗದ ಹಾಗೆ ಮತ್ತೆ ಮತ್ತೆ ಸರಿಸುತ್ತಿದ್ದರು. ಲೆಕ್ಕ ಅವರಿಗೆ ಅರ್ಥ ಆಗುತ್ತಿಲ್ಲ ಅಂತಲೇ ನಾನು ಅಂದುಕೊಂಡಿದ್ದೆ. ಅವರು ಮಗನಿಗೆ ತುಳುವಿನಲ್ಲಿ ಮೆಲ್ಲಗೆ ಕೇಳಿದರು: "ಇದು ಗೇಣಿ ಅಲ್ವಾ ಮಗಾ?"

ನಮಗೆ ಯಾರಿಗೂ ಒಮ್ಮೆಗೆ ಹೊಳೆಯಲಿಲ್ಲ. ಅವರೇ ವಿವರಿಸಿದರು. ಅವರ ಅಪ್ಪ ಗೇಣಿ ಗದ್ದೆ ಮಾಡುತ್ತಿದ್ದವರು. ಸುಗ್ಗಿ ಆದ ಮೇಲೆ ಧಣಿಗಳ ಮನೆಗೆ ಅಕ್ಕಿ ಮುಡಿ ಹೊತ್ತುಕೊಂಡು ಹೋಗುವುದನ್ನು ಇವರು ಸಣ್ಣವರಿದ್ದಾಗ ಕಂಡಿದ್ದಾರೆ. ಒಂದು ವರ್ಷ ಬೆಳೆ ಕೈಕೊಟ್ಟರೂ ಗೇಣಿ ಅಳೆಯಲೇಬೇಕು. "ಎಷ್ಟು ವರ್ಷ ಅಳೆದರೂ ಗದ್ದೆಯ ಒಂದು ಕಟ್ಟಹುಣಿಯೂ ನಮ್ಮದಾಗಲಿಲ್ಲ. ಡಿಕ್ಲರೇಶನ್ ಬಂದ ಮೇಲೆಯೇ ಆದದ್ದು. ನೀನೂ ತಿಂಗಳು ತಿಂಗಳು ಅಳೆಯುತ್ತಿದ್ದೀಯ. ಮನೆ ಎಷ್ಟು ನಮ್ಮದಾಯಿತು?"

1974ರ ಭೂಸುಧಾರಣೆ ತಿದ್ದುಪಡಿಯ ನಂತರ, ಈ ಗದ್ದೆ ಗೇಣಿಗೆ ಮಾಡುವವರು ನಾವು ಅಂತ ಡಿಕ್ಲರೇಶನ್ ಕೊಟ್ಟು ಭೂಮಿ ಪಡೆದ ಸಾವಿರಾರು ಕುಟುಂಬಗಳು ನಮ್ಮ ಜಿಲ್ಲೆಯಲ್ಲಿವೆ. ಆ ಮನೆಯ ಹೆಣ್ಣುಮಗಳಿಗೆ, ಕೊಡುವುದು ಬೇರೆ, ತನ್ನದಾಗುವುದು ಬೇರೆ ಅಂತ ಯಾರೂ ಕಲಿಸಬೇಕಾಗಿಲ್ಲ. 30 ವರ್ಷ ಬ್ಯಾಂಕಿನಲ್ಲಿದ್ದ ನನಗೆ ಇಷ್ಟು ಸರಳವಾಗಿ ಅದನ್ನು ಹೇಳಲು ಬಂದಿರಲಿಲ್ಲ.

ರಾಜೇಶ ಎದ್ದು ಹೊರಗೆ ಜಗಲಿಗೆ ಹೋದ. ಹತ್ತು ನಿಮಿಷ ಬಂದಿಲ್ಲ. ಫ್ಲ್ಯಾಟಿನ ಮುಂಗಡಕ್ಕೆ ಅಂತ ಅಮ್ಮ ತನ್ನ ಚಿನ್ನ ಮಾರಿ ದುಡ್ಡು ಕೊಟ್ಟಿದ್ದರು ಅಂತ ಸೌಮ್ಯ ಆಗ ಹೇಳಿದಳು. ಅಮ್ಮನ ಎದುರಿಗೆ ಈ ಲೆಕ್ಕ ಬಿಚ್ಚಿದ್ದು ಸರಿಯಾ ಅಂತ ನಾನು ಆಮೇಲೆ ತುಂಬ ದಿನ ಯೋಚಿಸಿದ್ದೇನೆ. ಅವರನ್ನು ಹೊರಗೆ ಕೂರಿಸಿ ಮಾತಾಡಬಹುದಿತ್ತು. ಆದರೆ ಚಿನ್ನ ಕೊಟ್ಟವರಿಗೆ ಕೇಳುವ ಹಕ್ಕು ಇಲ್ಲ ಅನ್ನುವುದು ಹೇಗೆ?

ರಾಜೇಶ ಒಳಗೆ ಬಂದ ಮೇಲೆ ಕೇಳಿದ ಮೊದಲ ಪ್ರಶ್ನೆ, "ಈಗ ಏನು ಮಾಡುವುದು?" ಕಾರಿನ ಮಾತು ಮತ್ತೆ ಬರಲಿಲ್ಲ.

ಮೊದಲು ದರದ ವಿಷಯ. ಅದೇ ಬ್ಯಾಂಕ್ ಹೊಸಬರಿಗೆ ಶೇ 8.75ಕ್ಕೆ ಕೊಡುತ್ತಿತ್ತು. ಹಳಬರು ಕೇಳದೆ ಅದು ಸಿಗುವುದಿಲ್ಲ. ಸುಮ್ನೆ ಬಾಯಿಮಾತಲ್ಲಿ ಕೇಳಬೇಡಿ, ಬರೆದು ಕೊಡಿ, ಕೊಟ್ಟದ್ದಕ್ಕೆ ಸೀಲ್ ಹಾಕಿಸಿಕೊಳ್ಳಿ ಅಂದೆ. ಸಣ್ಣ ಶುಲ್ಕ ಕಟ್ಟಿಸಿಕೊಂಡು ಬದಲಿಸಿಕೊಟ್ಟರು. ಎರಡನೆಯದು, ಇಎಂಐಯನ್ನು ನೀವಾಗಿಯೇ ಏರಿಸಿ ಅಂದೆ. ಇದನ್ನು ಹೇಳಿದಾಗ ಎಲ್ಲರೂ ನನ್ನ ಮುಖ ನೋಡುತ್ತಾರೆ. ತಿಂಗಳಿಗೆ 5,000 ಜಾಸ್ತಿ, 36,000 ಕಟ್ಟಿದರೆ, ಹೊಸ ದರದಲ್ಲಿ ಅಸಲಿಗೆ 8,000 ಹೋಗುತ್ತದೆ. 650 ಇದ್ದ ಜಾಗದಲ್ಲಿ 8,000. ಸಾಲ 17 ವರ್ಷ 3 ತಿಂಗಳಲ್ಲಿ ತೀರುತ್ತದೆ. ವರ್ಷಕ್ಕೆ ಒಂದು ಇಎಂಐಯಷ್ಟು ಹಣವನ್ನು ಪ್ರತ್ಯೇಕ ಅಸಲಿಗೆ ಅಂತ ಹೇಳಿ ಕಟ್ಟಿದರೆ ಅದಕ್ಕಿಂತಲೂ ಎರಡೂವರೆ ವರ್ಷಕ್ಕೂ ಜಾಸ್ತಿ ಬೇಗ ಮುಗಿಯುತ್ತದೆ, 6 ಲಕ್ಷಕ್ಕೂ ಜಾಸ್ತಿ ಬಡ್ಡಿ ಉಳಿಯುತ್ತದೆ. ಮನೆಸಾಲ ಫ್ಲೋಟಿಂಗ್ ದರದ್ದಾದರೆ ಮುಂಚಿತವಾಗಿ ಕಟ್ಟಿದ್ದಕ್ಕೆ ಬ್ಯಾಂಕ್ ದಂಡ ಹಾಕುವಂತಿಲ್ಲ, 2012ರಿಂದಲೇ ಆ ನಿಯಮ ಇದೆ. ಕಟ್ಟುವಾಗ "ಇಎಂಐ ಇಳಿಸಬೇಡಿ, ಅವಧಿ ಇಳಿಸಿ" ಅಂತ ಬರೆದು ಕೊಡಬೇಕು. ಈ ಒಂದು ವಾಕ್ಯ ಮರೆತವರು ಎಷ್ಟೋ ಜನ.

ನಮ್ಮೂರಿನವರಿಗೆ ಇದು ಕಷ್ಟದ ಪಾಠ ಆಗಬಾರದು. ದಿನಕ್ಕೆ ಎರಡಾಣೆಯಿಂದ ಪಿಗ್ಮಿ ಠೇವಣಿ ಶುರುವಾದದ್ದು 1928ರಲ್ಲಿ, ಇದೇ ಉಡುಪಿಯಲ್ಲಿ. ಬೀಡಿ ಕಟ್ಟುವವರು, ಮೀನು ಮಾರುವವರು ಚಿಲ್ಲರೆ ಕೊಟ್ಟು ಮಗಳ ಮದುವೆ ಮಾಡಿದ್ದನ್ನು ನಾನೇ ಕಂಡಿದ್ದೇನೆ. ಚಿಲ್ಲರೆ ಸೇರುತ್ತಾ ದೊಡ್ಡದಾಗುವುದು ಗೊತ್ತಿದ್ದವರಿಗೆ, ಸಾಲದಲ್ಲಿ ಅದೇ ಚಿಲ್ಲರೆ ನಮ್ಮ ಎದುರಿಗೆ ಸೇರುತ್ತಾ ಹೋಗುತ್ತದೆ ಅನ್ನುವುದೂ ಗೊತ್ತಾಗಬೇಕು, ಅಲ್ವಾ?

ಒಂದು ವಿಷಯದಲ್ಲಿ ಮಾತ್ರ ನಾನು ಗಟ್ಟಿಯಾಗಿ ಬೇಡ ಅಂದೆ. ಅಮ್ಮನ ಹೆಸರಲ್ಲಿ 4 ಲಕ್ಷದ ಎಫ್‌ಡಿ ಇತ್ತು. ಅದನ್ನು ಮುರಿದು ಸಾಲಕ್ಕೆ ಹಾಕಿ ಅಂತ ಅವರೇ ಹೇಳಿದರು. ಲೆಕ್ಕ ನೋಡಿದರೆ ಅದು ಲಾಭವೇ, ಎಫ್‌ಡಿ ಬಡ್ಡಿಗಿಂತ ಸಾಲದ ಬಡ್ಡಿ ಜಾಸ್ತಿ. ಆದರೂ ಬೇಡ ಅಂದೆ. ಚಿನ್ನ ಹೋಗಿದೆ, ಇನ್ನು ಆ ಎಫ್‌ಡಿಯೂ ಹೋದರೆ 68ರ ಹೆಂಗಸಿಗೆ ತನ್ನದು ಅಂತ ಏನು ಉಳಿಯಿತು? ನಾಳೆ ಆಸ್ಪತ್ರೆ ಖರ್ಚು ಬಂದರೆ ಮಗನ ಕೈ ನೋಡಬೇಕು. ಇದಕ್ಕೆ ನನ್ನ ಸಹೋದ್ಯೋಗಿಗಳೇ ತಕರಾರು ತೆಗೆದಿದ್ದಾರೆ, ಹಣದ ಸಲಹೆಗೆ ಭಾವನೆ ಬೆರೆಸಿದ್ದೀರಿ ಅಂತ. ಬೆರೆಸಿದ್ದೇನೆ. ಸಾಲ ತೀರಿಸುವವರ ಮನೆಯೊಳಗೆ ಯಾರು ಬರಿಗೈ ಆಗುತ್ತಾರೆ ಅಂತ ನೋಡದೆ ಸಲಹೆ ಕೊಡಲು ನನ್ನಿಂದ ಆಗುವುದಿಲ್ಲ. ಅದೇ ಕಾರಣಕ್ಕೆ, ಆರು ತಿಂಗಳ ಇಎಂಐಯಷ್ಟು ದುಡ್ಡು ಉಳಿತಾಯದಲ್ಲಿ ಇಟ್ಟುಕೊಂಡ ಮೇಲೆಯೇ ಮುಂಚಿತ ಪಾವತಿ ಅಂತಲೂ ಹೇಳಿದೆ.

ತೆರಿಗೆ ಉಳಿಯುತ್ತದಲ್ಲ ಅಂತ ರಾಜೇಶ ಕೇಳಿದ. ಎಲ್ಲರೂ ಕೇಳುತ್ತಾರೆ. ವಾಸದ ಮನೆಯ ಬಡ್ಡಿಗೆ ಹಳೆಯ ತೆರಿಗೆ ಪದ್ಧತಿಯಲ್ಲಿ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ ಇದೆ. ಶೇ 20ರ ಹಂತದಲ್ಲಿರುವವರಿಗೆ ಸೆಸ್ ಸೇರಿ ಉಳಿಯುವುದು 41,600. ಅದಕ್ಕಾಗಿ ಅವನು ಆಗ ಕಟ್ಟುತ್ತಿದ್ದ ಬಡ್ಡಿ ವರ್ಷಕ್ಕೆ 3 ಲಕ್ಷ 64 ಸಾವಿರ. ಹೊಸ ಪದ್ಧತಿಯಲ್ಲಾದರೆ ಈ ವಿನಾಯಿತಿಯೂ ಇಲ್ಲ.

ಸಾಲಕ್ಕೆ ಹಾಕುವ ಬದಲು ಎಸ್‌ಐಪಿ ಮಾಡಿದರೆ, ಅಂದರೆ ತಿಂಗಳು ತಿಂಗಳು ಮ್ಯೂಚುವಲ್ ಫಂಡಿಗೆ ಹಾಕಿದರೆ, ಜಾಸ್ತಿ ಸಿಗುತ್ತದೆ ಅಂತ ನನಗೆ ಪಾಠ ಹೇಳಿದವರಿದ್ದಾರೆ. ಸಿಗಬಹುದು. ಅಷ್ಟು ವರ್ಷ ಬಿಡದೆ ಹಾಕುವವರಿಗೆ, ಪೇಟೆ ಬಿದ್ದಾಗ ಹೆದರದವರಿಗೆ. ನನ್ನ ಎದುರಿಗೆ ಬರುವವರು ಹೆಚ್ಚಿನವರು ಆ ಉಳಿದ 5,000ವನ್ನು ಎಲ್ಲೂ ಹಾಕಿರುವುದಿಲ್ಲ, ಅದು ತಿಂಗಳ ಖರ್ಚಿನಲ್ಲಿ ಕರಗಿರುತ್ತದೆ.

ಇವರು ಬಂದುಹೋದ ಮೇಲೆ, 2023ರ ಆಗಸ್ಟ್ 18ಕ್ಕೆ, ರಿಸರ್ವ್ ಬ್ಯಾಂಕಿನ ಸುತ್ತೋಲೆ ಬಂತು. ದರ ಏರಿದಾಗ ಇಎಂಐ ಏರಿಸಬೇಕಾ, ಅವಧಿ ಏರಿಸಬೇಕಾ, ಎರಡೂ ಸ್ವಲ್ಪ ಸ್ವಲ್ಪವಾ ಅಂತ ಸಾಲಗಾರರಿಗೆ ಆಯ್ಕೆ ಕೊಡಬೇಕು, ಪರಿಣಾಮ ಏನು ಅಂತ ತಿಳಿಸಬೇಕು. ಆವರೆಗೆ ಕಟ್ಟಿದ ಅಸಲೆಷ್ಟು ಬಡ್ಡಿಯೆಷ್ಟು, ಇನ್ನೆಷ್ಟು ಕಂತು ಬಾಕಿ ಅನ್ನುವ ವಿವರವನ್ನು ಮೂರು ತಿಂಗಳಿಗೊಮ್ಮೆ ಕೊಡಬೇಕು. ಒಳ್ಳೆಯದಾಯಿತು. ಆದರೆ ಆ ಎಸ್‌ಎಂಎಸ್ ತೆರೆದು ಓದುವ ಕೆಲಸ ನಮ್ಮದೇ. 2025ರಲ್ಲಿ ರೆಪೊ ಶೇ 6.5ರಿಂದ 5.25ಕ್ಕೆ ಇಳಿದಾಗ "ನಮ್ಮ ಇಎಂಐ ಇಳಿಸಿಕೊಡಲು ಹೇಳಬೇಕಾ" ಅಂತ ತುಂಬ ಜನ ಕೇಳಿದರು. ಕೈಗೆ ತೀರಾ ಕಷ್ಟ ಇಲ್ಲದಿದ್ದರೆ ಬೇಡ ಅಂತ ಹೇಳುತ್ತಿದ್ದೇನೆ. ಏರುವಾಗ ನಮ್ಮ ಅಸಲು ತಿಂದ ಅದೇ ಲೆಕ್ಕ, ಇಳಿಯುವಾಗ ಕಂತು ಹಾಗೇ ಬಿಟ್ಟರೆ ನಮ್ಮ ಪರವಾಗಿ ಕೆಲಸ ಮಾಡುತ್ತದೆ.

ನಾನು ಸೇವೆಯಲ್ಲಿದ್ದಾಗ ಎಷ್ಟೋ ಜನರಿಗೆ ಮನೆಸಾಲ ಕೊಟ್ಟಿದ್ದೇನೆ. "ತಿಂಗಳಿಗೆ ಇಷ್ಟೇ ಬರುತ್ತದೆ" ಅಂತ ಹೇಳಿ ಸಹಿ ಹಾಕಿಸಿದ್ದೇನೆ. ಒಟ್ಟು ಎಷ್ಟಾಗುತ್ತದೆ ಅಂತ ಎಷ್ಟು ಜನರಿಗೆ ಬರೆದು ತೋರಿಸಿದೆ ಅಂತ ನೆನಪು ಮಾಡಿಕೊಂಡರೆ ಮನಸ್ಸು ಭಾರ ಆಗುತ್ತದೆ. ಇಷ್ಟು ಉದ್ದ ಬರೆಯಲು ಅದೂ ಒಂದು ಕಾರಣ.

ಈಚೆಗೆ ಸೌಮ್ಯ ಫೋನ್ ಮಾಡಿದ್ದಳು. ಕಾರು ತೆಗೆದಿಲ್ಲ, ರಾಜೇಶ ಈಗಲೂ ಬಸ್ಸಿನಲ್ಲೇ ಹೋಗುತ್ತಾನೆ, ಮಳೆಗಾಲದಲ್ಲಿ ಬೈಯ್ಯುತ್ತಾನೆ. ಪ್ರತಿ ತಿಂಗಳು 5ನೇ ತಾರೀಕಿಗೆ ಅತ್ತೆ "ಅಸಲು ಎಷ್ಟು?" ಅಂತ ಕೇಳಿ, ಅಡುಗೆಮನೆಯ ಗೋಡೆಯ ಕ್ಯಾಲೆಂಡರಿನಲ್ಲಿ ಆ ದಿನದ ಚೌಕದೊಳಗೆ ಪೆನ್ಸಿಲಿನಲ್ಲಿ ಬರೆದಿಡುತ್ತಾರಂತೆ. ಹಾಲಿನ ಲೆಕ್ಕದ ಕೆಳಗೆ. ಈಗ 14 ಸಾವಿರ ದಾಟಿದೆಯಂತೆ.